ಯಂತ್ರಕ್ಕೆ ನಮ್ಮ ಮಾತೂ ತಿಳಿಯಲಿ
(ಚಿಕ್ಕೋಡಿಯ ಸಭೆಯೊಂದರಲ್ಲಿ ಮಾಡಿದ ಭಾಷಣ)



ಬಾಯಿಂದ ಹೇಳಿದ್ದನ್ನು ಕೇಳಿ ಬರೆದುಕೊಳ್ಳುವ, ಹೇಳಿದಂತೆ ನಡೆಯುವ ಗಣಕಯಂತ್ರ ಬಂದಿದೆ. ನಿಪ್ಪಾಣಿಯಲ್ಲಿ ಬೀಡಿ ಕಟ್ಟುವ, ಅಕ್ಷರ ಬಾರದ ತಾಯಂದಿರಿಗೆ ಇದು ದೊಡ್ಡ ಅನುಕೂಲ. ಪಿಂಚಣಿಯ ಅರ್ಜಿಗೆ ಇನ್ನೊಬ್ಬರ ಕೈ ಕಾಯಬೇಕಿಲ್ಲ.

ಆದರೆ ಯಂತ್ರ ಹೆಚ್ಚಾಗಿ ಯಾರ ದನಿ ಕೇಳಿ ಕಲಿತಿದೆಯೋ ಅವರ ಮಾತೇ ಅದಕ್ಕೆ ಸಲೀಸು. ಪುಸ್ತಕದ "ಮಾಡುತ್ತಿದ್ದೇನೆ" ಕಲಿತದ್ದು ನಮ್ಮ "ಮಾಡಾಕತ್ತೀನ್ರಿ"ಗೆ ತಡವರಿಸುತ್ತದೆ. ನಡುವೆ ಮರಾಠಿ ಬೆರೆತರಂತೂ ಹೇಳುವುದೇ ಬೇಡ.

ಕೇಂದ್ರ ಸರ್ಕಾರ 2022ರಲ್ಲಿ ಆರಂಭಿಸಿದ 'ಭಾಷಿಣಿ' ಯೋಜನೆ ಜನರಿಂದ ದನಿಯನ್ನು ದಾನವಾಗಿ ಕೇಳುತ್ತದೆ. ಕೊಡೋಣ. ಆದರೆ ದನಿ ಕೊಡುವುದೂ ದುಡಿಮೆಯೇ. ಬಡವರ ದನಿಯಿಂದ ಕಲಿತ ಯಂತ್ರ ಬಡವರಿಗೆ ಪುಕ್ಕಟೆಯಾಗಿ ಸಿಗಬೇಕು. ಅದರಿಂದ ಲಾಭ ಮಾಡುವವರು ಕೂಲಿ ಕೊಡಬೇಕು. ಈ ಬೇಡಿಕೆಯನ್ನು ಇಂದಿನ ಠರಾವಿನಲ್ಲಿ ಸೇರಿಸಬೇಕೆಂದು ಕೋರುತ್ತೇನೆ.