ಪಾತ್ರ ಯಾರ ಸೊತ್ತೂ ಅಲ್ಲ

ಒಬ್ಬ ನಟ ಜೀವ ತುಂಬಿದ ಪಾತ್ರವನ್ನು ಮುಂದೆ ಇನ್ನೊಬ್ಬ ಅಭಿನಯಿಸಿದರೆ, ಮೊದಲಿನವನ ಜಾಗ ಹೋಯಿತೆಂದು ಅಭಿಮಾನಿಗಳು ಮರುಗುವುದುಂಟು. ಸ್ವೀಡನ್ನಿನ ನಟ ರೋಲ್ಫ್ ಲಾಸ್‌ಗೋರ್ಡ್ ಅವರ ವೃತ್ತಿಜೀವನ ಈ ಲೆಕ್ಕಾಚಾರವನ್ನು ತಲೆಕೆಳಗು ಮಾಡುತ್ತದೆ. 1955ರಲ್ಲಿ ಹುಟ್ಟಿದ ಇವರು ರಂಗಭೂಮಿಯಲ್ಲಿ ಪಳಗಿ, 1990ರ ದಶಕದ ಮೊದಲ ವರ್ಷಗಳಲ್ಲಿ ಮಾರ್ಟಿನ್ ಬೆಕ್ ಪತ್ತೇದಾರಿ ಚಿತ್ರಗಳ ಮುಂಗೋಪಿ ಪೊಲೀಸ್ ಗುನ್ವಾಲ್ಡ್ ಲಾರ್ಸನ್ ಆಗಿ ಮನೆಮಾತಾದರು. 1997ರಲ್ಲಿ ಹೊಸ ಸರಣಿ ಶುರುವಾದಾಗ ಆ ಪಾತ್ರ ಮಿಕಾಯೆಲ್ ಪರ್ಸ್‌ಬ್ರಾಂಟ್ ಪಾಲಾಯಿತು. ಹೆನ್ನಿಂಗ್ ಮಾಂಕೆಲ್ ಕಾದಂಬರಿಗಳ ಇನ್‌ಸ್ಪೆಕ್ಟರ್ ವಲಾಂಡರ್‌ಗೆ ತೆರೆಯ ಮೇಲೆ ಮೊದಲು ಮುಖ ಕೊಟ್ಟವರೂ ಇವರೇ. ಆ ಪಾತ್ರ ಮುಂದೆ ಕ್ರಿಸ್ಟರ್ ಹೆನ್ರಿಕ್ಸನ್ ಅವರಿಗೂ ಬ್ರಿಟನ್ನಿನ ಕೆನೆತ್ ಬ್ರಾನಾ ಅವರಿಗೂ ಸಂದಿತು. 2005ರಿಂದ 2007ರವರೆಗಂತೂ ಸ್ವೀಡನ್ನಿನಲ್ಲಿ ಏಕಕಾಲಕ್ಕೆ ಇಬ್ಬರು ವಲಾಂಡರ್‌ಗಳಿದ್ದರು. 2006ರ ಡ್ಯಾನಿಶ್ ಚಿತ್ರ ‘ಆಫ್ಟರ್ ದ ವೆಡ್ಡಿಂಗ್’ನಲ್ಲಿ ಇವರು ಮಾಡಿದ ಸಿರಿವಂತನ ಪಾತ್ರ 2019ರ ಮರುನಿರ್ಮಾಣದಲ್ಲಿ ಹೆಣ್ಣಾಗಿ ಬದಲಾಗಿ ಜೂಲಿಯನ್ ಮೂರ್ ಕೈಸೇರಿತು. 2015ರ ‘ಎ ಮ್ಯಾನ್ ಕಾಲ್ಡ್ ಓವೆ’ ಚಿತ್ರದ ಓವೆ, 2022ರಲ್ಲಿ ಟಾಮ್ ಹ್ಯಾಂಕ್ಸ್ ಅವರ ಓಟೊ ಆದ.

ಪ್ರಸಿದ್ಧಿ ತಂದ ಪಾತ್ರಗಳು ಹೀಗೆ ಒಂದೊಂದಾಗಿ ಕೈದಾಟಿದರೂ ಲಾಸ್‌ಗೋರ್ಡ್ ಅವರ ಕೆಲಸ ನಿಲ್ಲಲಿಲ್ಲ. 1992ರ ‘ಮಿನ್ ಸ್ತೂರೆ ತ್ಯೊಕೆ ಫಾರ್’ ಚಿತ್ರಕ್ಕೆ ಸ್ವೀಡನ್ನಿನ ಗುಲ್ಡ್‌ಬಾಗೆ ಪ್ರಶಸ್ತಿ ಪಡೆದವರು, ಎರಡು ದಶಕ ಕಳೆದ ಮೇಲೆ ಓವೆಗಾಗಿ ಅದೇ ಗೌರವ ಮತ್ತೆ ಪಡೆದರು. ನಡುವೆ 1998ರ ‘ಅಂಡರ್ ದ ಸನ್’ನಲ್ಲಿ ಓದುಬರಹ ಬಾರದ ಒಂಟಿ ರೈತನಾದರು. ನಟನಿಗೆ ಆಸ್ತಿ ಎಂಬುದಿದ್ದರೆ ಅದು ಕಸುಬು, ಪಾತ್ರವಲ್ಲ.

ಹಾಗಾದರೆ ಯಾರು ಬೇಕಾದರೂ ಯಾರ ಪಾತ್ರವನ್ನಾದರೂ ಮಾಡಬಹುದೆ, ನಟನ ಛಾಪಿಗೆ ಬೆಲೆಯೇ ಇಲ್ಲವೆ ಎಂದು ಕೇಳಬಹುದು. ಓವೆಯ ಮೊದಲ ದೃಶ್ಯಗಳಲ್ಲೊಂದನ್ನು ನೋಡಿ. ಹೆಂಡತಿಯ ಸಮಾಧಿಗೆ ಹೂವು ಕೊಳ್ಳಲು ಅಂಗಡಿಗೆ ಹೋದ ಮುದುಕ, ಎರಡು ಗುಚ್ಛಕ್ಕೆ ಕೊಟ್ಟ ರಿಯಾಯಿತಿ ಒಂದಕ್ಕೇಕಿಲ್ಲ ಎಂದು ಜಗಳಕ್ಕೆ ನಿಲ್ಲುತ್ತಾನೆ. ಆ ದಪ್ಪ ದೇಹ, ಬಿಗಿದ ದವಡೆ ಲಾಸ್‌ಗೋರ್ಡ್ ಅವರದೇ. ಅವು ಹ್ಯಾಂಕ್ಸ್‌ಗೆ ವರ್ಗವಾಗಲಿಲ್ಲ. ಪಾತ್ರ ಕೈಬದಲಾಗುತ್ತದೆ, ಅಭಿನಯ ಕೈಬದಲಾಗುವುದಿಲ್ಲ. ಇನ್ನೊಂದು ಆಕ್ಷೇಪವೂ ಉಂಟು. ಪೀಟರ್ ಹಾಬರ್ 1997ರಿಂದ ಮಾರ್ಟಿನ್ ಬೆಕ್ ಆಗಿಯೇ ದಶಕಗಳನ್ನು ಕಳೆದರಲ್ಲ, ಒಂದೇ ಪಾತ್ರಕ್ಕೆ ಅಂಟಿಕೊಳ್ಳುವುದು ತಪ್ಪೆ? ಖಂಡಿತ ಅಲ್ಲ. ಆದರೆ ಆ ಬೆಕ್ ಹುಟ್ಟಿದ್ದು ಮಾಯ್ ಶೋವಾಲ್ ಮತ್ತು ಪೆರ್ ವಾಲೊ ಜೋಡಿಯ ಲೇಖನಿಯಿಂದ. ಹಾಬರ್‌ಗಿಂತ ಮೊದಲು ಅದೇ ಪಾತ್ರವನ್ನು ಯೋಸ್ತಾ ಎಕ್‌ಮನ್ ಮಾಡಿದ್ದರು. ದೀರ್ಘಕಾಲ ಕಾಪಾಡಿದವರೂ ಅದನ್ನು ಇನ್ನೊಬ್ಬರಿಂದಲೇ ಪಡೆದಿದ್ದರು.

ಇದು ನಟರಿಗಷ್ಟೇ ಸಲ್ಲುವ ಮಾತಲ್ಲ. ಕಚೇರಿಯ ಕುರ್ಚಿ, ಶಾಲೆಯ ತರಗತಿ, ಸಂಘದ ಅಧ್ಯಕ್ಷಗಿರಿ ಎಲ್ಲವೂ ನಮಗೆ ಬಂದ ಪಾತ್ರಗಳೇ. ಇರುವಷ್ಟು ಕಾಲ ಚೆನ್ನಾಗಿ ನಿರ್ವಹಿಸೋಣ, ಹೊತ್ತು ಬಂದಾಗ ಮುಂದಿನವರಿಗೆ ಮುನಿಸಿಲ್ಲದೆ ಒಪ್ಪಿಸೋಣ. ಕಲಿತ ಕೆಲಸ ಮಾತ್ರ ನಮ್ಮ ಜೊತೆಗೇ ಬರುತ್ತದೆ.