ಹೊನ್ನಮೀನಿನ ಮನೆ



ಮೂವತ್ತು ವರ್ಷಕ್ಕೂ ಮಿಕ್ಕಿ ತರಗತಿಯಲ್ಲಿ ಹಳಗನ್ನಡ ಕಾವ್ಯದ ಪಾಠ ಹೇಳಿದವನು ನಾನು. ಆ ಕಾವ್ಯಗಳ ವರ್ಣನೆಗಳಲ್ಲಿ ಮೀನೆಂದರೆ ನಾಯಿಕೆಯ ಕಣ್ಣಿಗೆ ಒಂದು ಉಪಮಾನ. ಅದಕ್ಕೂ ಉಸಿರುಂಟು, ಹಸಿವೆಯುಂಟು, ಬೇನೆಯುಂಟು ಎಂದು ಯೋಚಿಸುವ ಪ್ರಸಂಗ ನನಗೆ ಬಂದಿರಲಿಲ್ಲ. ನಿವೃತ್ತನಾದ ಮೇಲೆ ಮೊಮ್ಮಗಳ ದೆಸೆಯಿಂದ ಆ ಪಾಠವೂ ಆಯಿತು. ಅದರ ಶುಲ್ಕ ತೆತ್ತದ್ದು ಮಾತ್ರ ಎರಡು ಬಡ ಮೀನುಗಳು.

ಅವಳ ಎಂಟನೆಯ ಹುಟ್ಟುಹಬ್ಬಕ್ಕೆಂದು ಹುಬ್ಬಳ್ಳಿಯ ಅಂಗಡಿಯೊಂದರಿಂದ ಉರುಟಾದ ಗಾಜಿನ ಬೋಗುಣಿಯನ್ನೂ ಅದರಲ್ಲಿ ಈಜುವ ಎರಡು ಹೊನ್ನಮೀನುಗಳನ್ನೂ ತಂದೆ. ಧಾರವಾಡದ ನಮ್ಮ ಮನೆಯ ಪಡಸಾಲೆ ಬೆಳಗಿದಂತಾಯಿತು. ನಾನು ಶುಚಿತ್ವದಲ್ಲಿ ಸ್ವಲ್ಪ ಅತಿ ಎನ್ನುವವನು. ದಿನಾಲು ಬೆಳಿಗ್ಗೆ ಎಲ್ಲ ನೀರನ್ನೂ ಚೆಲ್ಲಿ, ಹರಳುಗಳನ್ನು ತಿಕ್ಕಿ ತೊಳೆದು, ನಳದ ಹೊಸ ನೀರನ್ನು ತುಂಬುತ್ತಿದ್ದೆ. ನೀರು ಸ್ಫಟಿಕದಂತೆ ತಿಳಿಯಾಗಿತ್ತು. ನಾಲ್ಕನೆಯ ದಿನ ಮೊಮ್ಮಗಳು ಕೇಳಿದಳು: “ಅಜ್ಜಾ, ಮೀನ ಯಾಕ ಮ್ಯಾಲ ಬಂದು ಬಾಯಿ ತಗೀಲಿಕತ್ತದ?” “ಹಸಿವಾಗಿರಬೇಕವ್ವಾ” ಎಂದು ಹೇಳಿ ಇನ್ನೊಂದು ಚಿಟಿಕೆ ಆಹಾರ ಉದುರಿಸಿದೆ. ಐದನೆಯ ದಿನ ಒಂದು ಹೋಯಿತು, ಒಂಬತ್ತನೆಯ ದಿನ ಇನ್ನೊಂದು. ಹಿತ್ತಲಿನ ಮಲ್ಲಿಗೆಯ ಬುಡದಲ್ಲಿ ಅವನ್ನು ಹೂಳುವಾಗ ಆ ಹುಡುಗಿ ಅಳಲಿಲ್ಲ. ನನ್ನ ಮುಖವನ್ನೇ ನೋಡುತ್ತಿದ್ದಳು. ಅಳುವುದಕ್ಕಿಂತ ಅದು ಕಠಿಣವಾಗಿತ್ತು.

ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಈಗ ಪ್ರಾಣಿಶಾಸ್ತ್ರದ ಅಧ್ಯಾಪಕ. ಅವನ ಮುಂದೆ ಈ ಕಥೆಯನ್ನು ಹೇಳಿಕೊಂಡೆ. ಎಲ್ಲವನ್ನೂ ಕೇಳಿ, ಮೆಲ್ಲಗೆ ಅಂದ: “ಸರ್, ನೀವು ಮೀನ ತಂದ್ರಿ, ನೀರ ತಯಾರ ಮಾಡಲಿಲ್ಲ.” ಇಂದಿನ ನನ್ನ ಮಾತೆಲ್ಲ ಆ ಒಂದು ವಾಕ್ಯಕ್ಕೆ ಬರೆದ ಟೀಕೆ ಎಂದು ತಿಳಿಯಿರಿ.

ಹೊನ್ನಮೀನು ನಮ್ಮ ಕೆರೆಗಳದಲ್ಲ. ಅದು ಚೀನಾ ದೇಶದ ಗೆಂಡೆಮೀನಿನ ಬಳಗಕ್ಕೆ ಸೇರಿದ್ದು. ಸಾವಿರ ವರ್ಷಗಳ ಹಿಂದೆ, ಸುಂಗ್ ಅರಸರ ಕಾಲಕ್ಕಾಗಲೇ, ಚೀನೀಯರು ಬೂದುಬಣ್ಣದ ಮೀನುಗಳ ನಡುವೆ ಅಪರೂಪಕ್ಕೆ ಹುಟ್ಟುವ ಕೆಂಪು-ಹಳದಿ ಮರಿಗಳನ್ನು ಆಯ್ದು, ಕೊಳಗಳಲ್ಲಿ ಬೆಳೆಸಿ, ಈ ತಳಿಯನ್ನು ರೂಪಿಸಿದರು. ಮುಂದೆ ಅಲ್ಲಿಯೂ ಜಪಾನಿನಲ್ಲಿಯೂ ಅದರಿಂದ ಅನೇಕ ವಿಚಿತ್ರ ರೂಪಗಳು ಬಂದವು. ತಲೆಯ ಮೇಲೆ ಟೊಪ್ಪಿಗೆ ಇಟ್ಟಂತಿರುವ ಒರಾಂಡಾ, ಬೆನ್ನಿನ ರೆಕ್ಕೆಯೇ ಇಲ್ಲದ ರಾಂಚು, ಉಬ್ಬುಗಣ್ಣಿನ ಕರಿಯ ಮೂರ್, ಸೆರಗಿನಂಥ ಇಮ್ಮಡಿ ಬಾಲದವು – ಎಲ್ಲವೂ ಒಂದೇ ವಂಶದ ಕುಡಿಗಳು.

ನಮ್ಮ ನಾಡಿನಲ್ಲಿಯೂ ಮೀನನ್ನು ಬಲ್ಲವರಿದ್ದರು. ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದಲ್ಲಿ ರಚಿಸಿದ ‘ಮಾನಸೋಲ್ಲಾಸ’ ಎಂಬ ಸಂಸ್ಕೃತ ಗ್ರಂಥದಲ್ಲಿ ‘ಮತ್ಸ್ಯವಿನೋದ’ವೆಂಬ ಪ್ರಕರಣವೇ ಇದೆ. ಯಾವ ಮೀನು ಎಲ್ಲಿರುತ್ತದೆ, ಯಾವುದಕ್ಕೆ ಯಾವ ತಿನಿಸು ಎಂಬುದೆಲ್ಲ ಅಲ್ಲಿ ಬರುತ್ತದೆ. ಆದರೆ ಅರಸನ ವಿನೋದ ಗಾಳ ಹಾಕುವುದು. ಹೊಳೆಯ ಮೀನಿಗೆ ನೀರನ್ನು ಒದಗಿಸುವ ಭಾರ ಅವನ ಮೇಲಿರಲಿಲ್ಲ. ಅದನ್ನು ಹೊಳೆಯೇ ಹೊತ್ತಿತ್ತು. ಮೀನನ್ನು ಗಾಜಿನೊಳಗೆ ತಂದ ಗಳಿಗೆಯಿಂದ ಹೊಳೆಯ ಹೊಣೆ ನಮ್ಮದಾಗುತ್ತದೆ.

ಆ ಹೊಣೆ ಏನೆಂಬುದನ್ನು ಮೊದಲು ಪ್ರಯೋಗದಿಂದ ತೋರಿಸಿದವರಲ್ಲಿ ಲಂಡನ್ನಿನ ರಸಾಯನಶಾಸ್ತ್ರಜ್ಞ ರಾಬರ್ಟ್ ವಾರಿಂಗ್ಟನ್ ಒಬ್ಬ. ಎರಡು ಹೊನ್ನಮೀನುಗಳನ್ನೂ ಒಂದು ಜಲಸಸ್ಯವನ್ನೂ ಒಟ್ಟಿಗೆ ಇಟ್ಟು ನೋಡಿದ. ಕೊಳೆತ ಎಲೆಗಳಿಂದ ನೀರು ಕೆಡತೊಡಗಿತು. ಕೊಳದ ಬಸವನಹುಳುಗಳನ್ನು ಬಿಟ್ಟ ಮೇಲೆ ಅವು ಆ ಕೊಳೆಯನ್ನು ತಿಂದು ತೀರಿಸಿ, ನೀರು ಹದಕ್ಕೆ ಬಂತು. 1850ರಲ್ಲಿ ಅವನು ಇದನ್ನು ಪ್ರಕಟಿಸಿದ. 1853ರಲ್ಲಿ ಲಂಡನ್ನಿನ ಮೃಗಾಲಯದಲ್ಲಿ ಸಾರ್ವಜನಿಕ ಮತ್ಸ್ಯಾಲಯ ತೆರೆಯಿತು. ಆದರೂ ಕಣ್ಣಿಗೆ ಕಾಣದ ಕೆಲಸಗಾರರ ಸಂಗತಿ ಅವನಿಗೆ ತಿಳಿದಿರಲಿಲ್ಲ. ಅವರನ್ನು 1890ರ ಸುಮಾರಿಗೆ ಬೇರ್ಪಡಿಸಿ ತೋರಿಸಿದವನು ರಷ್ಯದ ವಿನೊಗ್ರಾಡ್ಸ್ಕಿ.

ಸಂಗತಿ ಹೀಗಿದೆ. ಮೀನು ತನ್ನ ಕಿವಿರುಗಳ ಮೂಲಕ ಅಮೋನಿಯಾವನ್ನು ಹೊರಹಾಕುತ್ತದೆ. ಉಳಿದ ಆಹಾರ, ಮಲ ಕೊಳೆತಾಗಲೂ ಅದೇ ಹುಟ್ಟುತ್ತದೆ. ಅದು ನೀರಿನ ಬಣ್ಣವನ್ನು ಕೆಡಿಸದು, ಆದರೆ ಮೀನಿನ ಕಿವಿರನ್ನು ಸುಡುತ್ತದೆ. ಒಂದು ಜಾತಿಯ ಬ್ಯಾಕ್ಟೀರಿಯಾ ಅದನ್ನು ನೈಟ್ರೈಟ್ ಆಗಿ ಮಾರ್ಪಡಿಸುತ್ತದೆ. ಅದೂ ವಿಷವೇ, ರಕ್ತವು ಆಮ್ಲಜನಕವನ್ನು ಹೊರದಂತೆ ಮಾಡುತ್ತದೆ. ಇನ್ನೊಂದು ಜಾತಿಯದು ಅದನ್ನು ನೈಟ್ರೇಟ್ ಮಾಡುತ್ತದೆ. ಅದು ಬಹುಮಟ್ಟಿಗೆ ನಿರಪಾಯಕಾರಿ, ಗಿಡಗಳಿಗೆ ಗೊಬ್ಬರ. ಈ ಜೀವಿಗಳು ಹರಳಿನ ಮೈಗೆ, ಸೋಸುಯಂತ್ರದ ಸ್ಪಂಜಿಗೆ ಅಂಟಿಕೊಂಡು ಒಕ್ಕಲಾಗಲು ನಾಲ್ಕರಿಂದ ಆರು ವಾರ ಬೇಕು. ನಾನು ದಿನಾಲು ತಿಕ್ಕಿ ತೊಳೆದು ಹೊರಚೆಲ್ಲಿದ್ದು ಈ ಒಕ್ಕಲನ್ನೇ. ನಳದ ನೀರಿನ ಕ್ಲೋರಿನ್ ಇವನ್ನೂ ಕೊಲ್ಲುತ್ತದೆ, ಮೀನಿನ ಕಿವಿರನ್ನೂ ಘಾಸಿಗೊಳಿಸುತ್ತದೆ. ಕಣ್ಣಿಗೆ ತಿಳಿಯಾದ ನೀರೆಲ್ಲ ಆರೋಗ್ಯದ ನೀರಲ್ಲ ಎಂಬ ತಿಳಿವಳಿಕೆ ನನಗೆ ಹೀಗೆ ತಡವಾಗಿ ಬಂತು.

ಎರಡನೆಯ ಸಲ ನಾವು ಕ್ರಮವಾಗಿ ತೊಡಗಿದೆವು. ಬೋಗುಣಿಯನ್ನು ಅಟ್ಟಕ್ಕೆ ಸೇರಿಸಿ, ಮೂರು ಅಡಿ ಉದ್ದ, ಹದಿನೈದು ಅಂಗುಲ ಅಗಲ, ಹದಿನೆಂಟು ಅಂಗುಲ ಎತ್ತರದ ಗಾಜಿನ ತೊಟ್ಟಿಯನ್ನು ತಂದೆವು. ಮೇಲೆ ಮೂರು ಅಂಗುಲ ಬಿಟ್ಟು ತುಂಬಿದರೆ ಸುಮಾರು 130 ಲೀಟರ್ ನೀರು ಹಿಡಿಯುತ್ತದೆ. ದುಂಡುಮೈಯ ಎರಡು ಮೀನಿಗೆ ಇಷ್ಟು ಬೇಕು. ಮೂರನೆಯದನ್ನು ತರುವ ಆಸೆ ಬೇಡ. ನೀರೊಂದೇ 130 ಕಿಲೋ ತೂಗುವುದರಿಂದ ಕೆಳಗಿನ ಮೇಜು ಗಟ್ಟಿಯಾಗಿ ಸಮತಟ್ಟಾಗಿರಬೇಕು; ಗಾಜಿನ ಅಡಿಗೆ ಥರ್ಮೋಕೋಲ್ ಹಾಳೆಯೊಂದನ್ನು ಹಾಸಬೇಕು. ಕಿಟಕಿಯ ನೇರ ಬಿಸಿಲು ಬೀಳುವ ಸ್ಥಳ ಒಳ್ಳೆಯದಲ್ಲ. ಚೂಪಾದ ಕಲ್ಲು, ಸಿಂಪಿನ ಅಲಂಕಾರ ಬೇಡ. ಉಬ್ಬುಗಣ್ಣಿನ ಮೀನಿಗೆ ಅವು ಗಾಯ ಮಾಡುತ್ತವೆ.

ಫಿಲ್ಟರ್ ಜೋಡಿಸಿ, ಗಾಳಿಯ ಪಂಪು ನಡೆಸಿ, ಮೀನಿಲ್ಲದ ತೊಟ್ಟಿಗೆ ದಿನಾಲು ಒಂದು ಚಿಟಿಕೆ ಆಹಾರ ಹಾಕುತ್ತ ಕಾದೆವು. ಹೊಸ ಒಕ್ಕಲು ಬೇಗ ನೆಲೆಗೊಳ್ಳಲೆಂದು ನನ್ನ ವಿದ್ಯಾರ್ಥಿ ತನ್ನ ತೊಟ್ಟಿಯ ಹಳೆಯ ಸ್ಪಂಜಿನ ತುಂಡೊಂದನ್ನು ಕೊಟ್ಟಿದ್ದ. ಮೊಸರಿಗೆ ಹೆಪ್ಪು ಕೊಟ್ಟಂತೆಯೇ ಅದು. “ಮೀನ ಇಲ್ಲದ ನೀರು ನೋಡಿಕೋತ ಕೂಡೋದು ಎಷ್ಟು ದಿನಾ?” ಎಂದು ಮನೆಯವರು ನಕ್ಕರು. ನಾಲ್ಕು ಹನಿ ಔಷಧ ಬೆರೆಸಿ ಬಣ್ಣದಿಂದ ಅಳೆಯುವ ಪರೀಕ್ಷೆಯ ಸೀಸೆಗಳು ಅಂಗಡಿಗಳಲ್ಲಿ ಸಿಗುತ್ತವೆ. ಮೊದಲು ಅಮೋನಿಯಾ ಏರಿತು, ಆಮೇಲೆ ನೈಟ್ರೈಟ್ ಏರಿತು, ಬಳಿಕ ಎರಡೂ ಶೂನ್ಯಕ್ಕೆ ಇಳಿದು ನಿಂತವು. ಅಂದು ಮೊಮ್ಮಗಳು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿದಳು: ಮೂವತ್ತೊಂಬತ್ತನೆಯ ದಿನ. ಎರಡು ಒರಾಂಡಾ ಮರಿಗಳು ಅದರ ನಂತರವೇ ಮನೆಗೆ ಬಂದವು. ಚೀಲವನ್ನು ತೊಟ್ಟಿಯಲ್ಲಿ ಇಪ್ಪತ್ತು ನಿಮಿಷ ತೇಲಬಿಟ್ಟು, ಒಳಹೊರಗಿನ ಶಾಖ ಸಮನಾದ ಮೇಲೆ ಮೀನನ್ನಷ್ಟೇ ಬಿಟ್ಟು, ಅಂಗಡಿಯ ನೀರನ್ನು ಹೊರಗೆ ಚೆಲ್ಲಿದೆವು.

ಆಹಾರದಲ್ಲಿ ನಮ್ಮ ಪ್ರೀತಿಯೇ ಅವಕ್ಕೆ ಶತ್ರು. ಹೊನ್ನಮೀನಿಗೆ ಜಠರವೆಂಬುದೇ ಇಲ್ಲ. ತಿಂದದ್ದು ನೇರವಾಗಿ ಕರುಳಿಗೆ ಇಳಿಯುತ್ತದೆ. ಆದ್ದರಿಂದ ಎಷ್ಟು ಹಾಕಿದರೂ ಇನ್ನೂ ಬೇಕೆನ್ನುವಂತೆ ಗಾಜಿಗೆ ಬಂದು ನಿಲ್ಲುತ್ತದೆ. ದಿನಕ್ಕೆ ಎರಡು ಸಲ, ಎರಡು ನಿಮಿಷದಲ್ಲಿ ಮುಗಿಸುವಷ್ಟು ಸಾಕು. ಗಿಡ್ಡ ದೇಹದ ತಳಿಗಳಲ್ಲಿ ಕರುಳೂ ಗಾಳಿಚೀಲವೂ ಇಕ್ಕಟ್ಟಾಗಿ ಸೇರಿಕೊಂಡಿರುವುದರಿಂದ ಮಲಬದ್ಧತೆಯಾದರೆ ಮೀನು ತಲೆಕೆಳಗಾಗಿ ತೇಲುವುದುಂಟು. ತೇಲುವ ಕಾಳಿಗಿಂತ ಮುಳುಗುವ ಕಾಳನ್ನು ನೆನೆಸಿ ಹಾಕುವುದು, ವಾರಕ್ಕೊಮ್ಮೆ ಬೇಯಿಸಿ ಸಿಪ್ಪೆ ಸುಲಿದ ಹಸಿ ಬಟಾಣಿ ಕೊಡುವುದು ಹಿತ. ನೀಳದೇಹದ ಚುರುಕು ಮೀನುಗಳ ಜೊತೆ ಇವನ್ನು ಇಡಬಾರದು. ಪಂಕ್ತಿಯಲ್ಲಿ ಇವಕ್ಕೆ ಎಲೆ ಮುಟ್ಟುವ ಮೊದಲೇ ಊಟ ಮುಗಿದಿರುತ್ತದೆ.

ಇನ್ನು ನಮ್ಮ ಅವಳಿ ನಗರದ ಮಾತು. ಮಲಪ್ರಭೆಯ ನೀರು, ನೀರಸಾಗರದ ನೀರು ಸರದಿಯ ಮೇಲೆ ಬರುವುದನ್ನು ಕಾದು, ಕೊಡ, ಹಂಡೆ, ಟಾಕಿಗಳಲ್ಲಿ ತುಂಬಿಡುವುದು ಇಲ್ಲಿನ ಅನೇಕ ಬಡಾವಣೆಗಳ ಹಳೆಯ ಅಭ್ಯಾಸ. ಮೀನಿನ ಪಾಲಿಗೆ ಅದೇ ವರವಾಯಿತು: ಬಾಯಿ ತೆರೆದ ಪಾತ್ರೆಯಲ್ಲಿ ಒಂದು ದಿನವಿಟ್ಟ ನೀರಿನಿಂದ ಕ್ಲೋರಿನ್ ತಾನಾಗಿ ಹೊರಟುಹೋಗುತ್ತದೆ. ವಾರಕ್ಕೊಮ್ಮೆ ತೊಟ್ಟಿಯ ಕಾಲುಭಾಗ, ಅಂದರೆ ಎರಡು ಬಕೀಟು ನೀರನ್ನು ತೆಗೆದು, ಅಷ್ಟೇ ಇಟ್ಟ ನೀರನ್ನು ಹೊಯ್ಯುತ್ತೇವೆ. ಸ್ಪಂಜನ್ನು ಹಿಂಡಿ ತೊಳೆಯುವುದು ಈ ತೆಗೆದ ನೀರಿನಲ್ಲಿಯೇ ಹೊರತು ನಳದ ಕೆಳಗಲ್ಲ. ನೀರಿಗಾಗಿ ಕಾಯುವ ಊರಿನಲ್ಲಿ ಮೀನಿಗೆ ಎರಡು ಬಕೀಟು ಹೊಯ್ಯುವುದು ಸರಿಯೇ ಎಂದು ನನ್ನ ಮನಸ್ಸು ಒಮ್ಮೆ ಕೇಳಿದ್ದುಂಟು. ಆ ಹಳೆಯ ನೀರು ನೈಟ್ರೇಟಿನಿಂದ ಕೂಡಿದ ಒಳ್ಳೆಯ ಗೊಬ್ಬರ. ಒಂದು ಹನಿಯೂ ಮೋರಿಗೆ ಹೋಗದೆ ಹಿತ್ತಲಿನ ಮಲ್ಲಿಗೆಗೆ, ಕರಿಬೇವಿಗೆ ಹೋಗುತ್ತದೆ. ಗಿಡಕ್ಕೆ ಹೇಗೂ ಹೊಯ್ಯಬೇಕಾಗಿದ್ದ ನೀರು ನಡುವೆ ಒಂದು ವಾರ ಮೀನಿನ ಮನೆಯಲ್ಲಿ ತಂಗಿ ಹೋಗುತ್ತದೆ, ಅಷ್ಟೆ.

ಧಾರವಾಡದ ಹವೆಯೂ ಅನುಕೂಲ. ಹದಿನೆಂಟರಿಂದ ಇಪ್ಪತ್ತನಾಲ್ಕು ಡಿಗ್ರಿಯ ತಂಪು ನೀರು ಇವಕ್ಕೆ ಇಷ್ಟ. ನೀರನ್ನು ಕಾಯಿಸುವ ಯಂತ್ರ ಇಲ್ಲಿ ಬೇಡ. ಏಪ್ರಿಲ್-ಮೇ ತಿಂಗಳಲ್ಲಿ ಮಾತ್ರ ಎಚ್ಚರ ಬೇಕು. ನೀರು ಬಿಸಿಯಾದಷ್ಟೂ ಅದರಲ್ಲಿ ಕರಗುವ ಆಮ್ಲಜನಕ ಕಡಿಮೆ. ಮಳೆಗಾಳಿಗೆ ಕರೆಂಟು ಹೋದರೆ ಬ್ಯಾಟರಿಯ ಪಂಪು ಇರಲಿ. ಅದೂ ಇಲ್ಲದಿದ್ದರೆ ತಂಬಿಗೆಯಿಂದ ನೀರನ್ನು ಮೊಗೆದು ಮೇಲಿನಿಂದ ಮತ್ತೆ ಮತ್ತೆ ಹೊಯ್ಯಿರಿ. ಕಳೆದ ಮಳೆಗಾಲದ ಒಂದು ರಾತ್ರಿ ನಾವು ಅಜ್ಜ-ಮೊಮ್ಮಗಳು ಪಾಳಿ ಹಾಕಿಕೊಂಡು ಈ ಕೆಲಸ ಮಾಡಿದ್ದೇವೆ.

ಬೇಸರವಾಯಿತೆಂದು ಈ ಮೀನನ್ನು ಸಾಧನಕೇರಿಗೋ ಕೆಲಗೇರಿಗೋ ಉಣಕಲ್ಲಿಗೋ ಬಿಡುವುದು ಪುಣ್ಯವೆಂದು ಯಾರೂ ಭಾವಿಸಬಾರದು. ಬದುಕಿದರೆ ಅದು ತಳದ ಕೆಸರನ್ನು ಕದಡಿ, ಜಲಸಸ್ಯಗಳನ್ನು ಕಿತ್ತು, ಕೆರೆಯ ಜೀವಿಗಳ ಬಾಳಿಗೆ ಸಂಚಕಾರ ತರುತ್ತದೆ. ಉತ್ತರ ಅಮೆರಿಕ, ಆಸ್ಟ್ರೇಲಿಯಾಗಳ ಕೆರೆಗಳಲ್ಲಿ ಇದು ನಡೆದಿದೆ. ತರುವ ಮೊದಲೇ ಯೋಚಿಸಬೇಕು; ಹೊನ್ನಮೀನಿನ ಆಯುಷ್ಯ ಹತ್ತು-ಹದಿನೈದು ವರ್ಷ. ಇಂಗ್ಲೆಂಡಿನ ಜಾತ್ರೆಯೊಂದರಲ್ಲಿ 1956ರಲ್ಲಿ ಬಹುಮಾನವಾಗಿ ಬಂದ ‘ಟಿಶ್’ ಎಂಬ ಮೀನು 1999ರವರೆಗೆ, ನಾಲ್ವತ್ಮೂರು ವರ್ಷ ಬಾಳಿತು. ಬೋಗುಣಿಯಲ್ಲಿ ಒಂಬತ್ತು ದಿನದಲ್ಲಿ ಸತ್ತದ್ದು ಆ ಮೀನಿನ ಹಣೆಬರಹವೆಂದು ನನ್ನನ್ನು ನಾನು ಸಮಾಧಾನಪಡಿಸಿಕೊಳ್ಳಲಾರೆ.

ನಮ್ಮ ಒರಾಂಡಾಗಳಿಗೆ ಈಗ ನಾಲ್ಕು ವರ್ಷ. ಮೊಮ್ಮಗಳು ಓದಿಗೆಂದು ತಂದೆ-ತಾಯಿಯರ ಜೊತೆ ಬೆಂಗಳೂರು ಸೇರಿದ್ದಾಳೆ. ಭಾನುವಾರ ಫೋನು ಮಾಡಿದಾಗ ಅವಳು ಮೀನು ಹೇಗಿವೆ ಎಂದು ಕೇಳುವುದಿಲ್ಲ. “ಅಜ್ಜಾ, ನೀರು ಹ್ಯಾಂಗದ?” ಎಂದು ಕೇಳುತ್ತಾಳೆ.