ಮುಖ ಮುಚ್ಚಿದರೆ ಗುರುತು ಮುಚ್ಚೀತೆ?



'ಹಗರಣ' ಎಂದೊಡನೆ ಪತ್ರಿಕೆ ಓದುವವರಿಗೆ ಹಣದ ಅವ್ಯವಹಾರ ನೆನಪಾಗುತ್ತದೆ. ಅಂಕೋಲೆಯ ಕಡೆ ಈ ಮಾತಿಗೆ ಬೇರೆ ಅರ್ಥವೂ ಉಂಟು. ಹೋಳಿಯ ಹೊತ್ತಿನ ಸುಗ್ಗಿ ಹಬ್ಬದಲ್ಲಿ ಹಾಲಕ್ಕಿ ಒಕ್ಕಲಿಗರು ಬಗೆಬಗೆಯ ವೇಷ ತೊಟ್ಟು ಊರಿನ ಓರೆಕೋರೆಗಳನ್ನು ಅಣಕಿಸುವ ಆಟವೂ ಹಗರಣವೇ. ವೇಷದ ಮರೆಯಲ್ಲಿ ಬಡವನೂ ದೊಡ್ಡವರನ್ನು ಗೇಲಿ ಮಾಡಬಲ್ಲ. ಆದರೆ ನಡಿಗೆ, ದನಿ ಕಂಡೇ ಊರವರು ಆತನನ್ನು ಗುರುತಿಸುತ್ತಾರೆ. ಹಬ್ಬ ಮುಗಿದ ಮೇಲೆ ಆತ ಅದೇ ಕೇರಿಯಲ್ಲಿ ಬಾಳಬೇಕು. ಹೀಗಾಗಿ ಅಣಕಕ್ಕೂ ಒಂದು ಅಂಕೆಯಿದೆ.

ಅಂತರಜಾಲದಲ್ಲಿ ವೇಷವುಂಟು, ಅಂಕೆ ಹಾಕುವ ಊರಿಲ್ಲ. ಸುಳ್ಳು ಹೆಸರಿನಲ್ಲಿ ಯಾರನ್ನೋ ನಿಂದಿಸಿ ಮರೆಯಾಗುವುದು ಸುಲಭವೆಂದು ಹಲವರು ತಿಳಿದಿದ್ದಾರೆ. ಆದರೆ ಖಾತೆಗೆ ಕೊಟ್ಟ ದೂರವಾಣಿ ಸಂಖ್ಯೆ, ಸಂಪರ್ಕದ ಐಪಿ ವಿಳಾಸಗಳ ಜಾಡು ಸೇವಾ ಸಂಸ್ಥೆಗಳ ಬಳಿ ಉಳಿದಿರಬಹುದು. ತನಿಖೆಯಾದರೆ ಪೊಲೀಸರು ಅದನ್ನು ಕೇಳಿ ಪಡೆಯಬಲ್ಲರು. ಕಂಪ್ಯೂಟರ್ ಬಳಸಿ ಬೇರೊಬ್ಬರ ಸೋಗಿನಲ್ಲಿ ವಂಚಿಸಿದವನಿಗೆ ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಡಿ ಕಲಮಿನಡಿ 3 ವರ್ಷದವರೆಗೆ ಸೆರೆವಾಸ, 1 ಲಕ್ಷ ರೂಪಾಯಿವರೆಗೆ ದಂಡ ಉಂಟು.

ಹಾಗೆಂದು ಮರೆಯೆಲ್ಲವೂ ಕೆಟ್ಟದ್ದಲ್ಲ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಹೂಡಿದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟಿನ 9 ನ್ಯಾಯಮೂರ್ತಿಗಳ ಪೀಠ 2017ರ ಆಗಸ್ಟ್ 24ರಂದು ಖಾಸಗಿತನವು ಮೂಲಭೂತ ಹಕ್ಕೆಂದು ಒಮ್ಮತದಿಂದ ಸಾರಿತು. ಆ ಹಕ್ಕಿಗೂ ಮಿತಿಯಿದೆ. ಸರ್ಕಾರ ಅದನ್ನು ಮೊಟಕುಗೊಳಿಸಬೇಕಾದರೆ ಕಾನೂನಿನ ಆಧಾರ, ನ್ಯಾಯವಾದ ಉದ್ದೇಶ ಬೇಕು, ಕ್ರಮವು ಅಗತ್ಯ ಮೀರಬಾರದು.

ಮರೆ ಎಲ್ಲರಿಗಿಂತ ಹೆಚ್ಚು ಬೇಕಾದದ್ದು ನೊಂದವರಿಗೆ. ಅಲ್ಲೇ ಎಡವಟ್ಟಾಗುವುದು. ಬಾಲಕಿಯ ಮುಖವನ್ನು ಮಸುಕುಗೊಳಿಸಿ ಕೇರಿ, ಶಾಲೆ, ತಂದೆಯ ಉದ್ಯೋಗ ಬರೆದರೆ ಏನು ಉಳಿಯಿತು? ಮಹಾನಗರದಲ್ಲಿ ಆಕೆ ಸಾವಿರದಲ್ಲಿ ಒಬ್ಬಳು. ಕಾರವಾರದಂಥ ಪಟ್ಟಣದಲ್ಲಿ ಸಂಜೆಯೊಳಗೆ ಮೀನು ಪೇಟೆಗೆಲ್ಲ ಗೊತ್ತು. 2018ರ ಡಿಸೆಂಬರ್‌ನಲ್ಲಿ ನಿಪುಣ್ ಸಕ್ಸೇನಾ ಮೊಕದ್ದಮೆಯ ತೀರ್ಪು ಹೇಳಿದ್ದೂ ಇದನ್ನೇ: ಅತ್ಯಾಚಾರಕ್ಕೆ ಒಳಗಾದವರ ಹೆಸರು ಮಾತ್ರವಲ್ಲ, ಗುರುತಿಗೆ ಅಷ್ಟಿಷ್ಟು ನೆರವಾಗುವ ಸಂಗತಿಯನ್ನೂ ಪ್ರಕಟಿಸಕೂಡದು. ಮಕ್ಕಳ ವಿಷಯದಲ್ಲಿ 2012ರ ಪೋಕ್ಸೊ ಕಾಯ್ದೆ ಮನೆ, ಶಾಲೆ, ನೆರೆಹೊರೆಗಳ ವಿವರವನ್ನೂ ನಿಷೇಧಿಸಿದೆ.

ಆದ್ದರಿಂದ ಚಿತ್ರವೊಂದನ್ನು ಇತರರಿಗೆ ಕಳುಹಿಸುವ ಮುನ್ನ ಮುಖದ ಸುತ್ತಲೂ ಕಣ್ಣಾಡಿಸಬೇಕು: ಸಮವಸ್ತ್ರ, ಅಂಗಡಿಯ ಫಲಕ, ಸ್ಕೂಟರಿನ ನಂಬರು. ಸಣ್ಣ ಊರಿನಲ್ಲಿ ಇವೆಲ್ಲವೂ ಮುಖಗಳೇ.